ಕಲ್ಪನೆಯ ಲೋಕದ ವಿಧಿಗೆ ಸಂಗೀತ ಕಟ್ಟುವುದು ಹೇಗೆ? ಹಂತ ಹಂತದ ಸಮಗ್ರ ಮಾರ್ಗದರ್ಶಿ

ಪಟ್ಟಾಭಿಷೇಕ, ಶವಯಾತ್ರೆ, ಯುದ್ಧಕ್ಕೆ ಮುಂಚಿನ ಪ್ರಮಾಣ. ಸ್ವಂತ ಲೋಕವೊಂದನ್ನು ಕಟ್ಟುತ್ತಿರುವವರಿಗೆ ಒಂದಲ್ಲ ಒಂದು ದಿನ ಇಂಥ ಗಳಿಗೆಗೆ ಸಂಗೀತ ಬೇಕಾಗುತ್ತದೆ. ಕಂಪ್ಯೂಟರ್ ಆಟಕ್ಕೋ, ನಾಟಕಕ್ಕೋ, ಆಡಿಯೊ ಕಥೆಗೋ ಇರಬಹುದು. ಆಗ ಬಹಳ ಜನ ಒಂದೇ ದಾರಿ ಹಿಡಿಯುತ್ತಾರೆ. ಸಾಫ್ಟ್‌ವೇರ್ ತೆರೆದು ದೊಡ್ಡ ಆರ್ಕೆಸ್ಟ್ರಾ ಆರಿಸುತ್ತಾರೆ. ಮೇಲೆ ‘ಆ…’ ಎನ್ನುವ ಕೋರಸ್, ಕೆಳಗೆ ಎದೆ ನಡುಗಿಸುವ ನಗಾರಿ. ಕೇಳಲು ಭರ್ಜರಿಯಾಗಿಯೇ ಇರುತ್ತದೆ. ಆದರೆ ಇದು ಯಾವ ಲೋಕದ್ದು, ಯಾರು ನುಡಿಸುತ್ತಿದ್ದಾರೆ, ಆ ಹೊತ್ತಿಗೆ ಅಲ್ಲಿ ಏನು ನಡೆಯುತ್ತಿದೆ ಅಂತ ಒಂದೂ ತಿಳಿಯುವುದಿಲ್ಲ.

ಇಂಥ ತುಣುಕುಗಳಲ್ಲಿ ಸ್ವರ ತಪ್ಪಿರುವುದು ಕಡಿಮೆ, ಕ್ರಮ ತಪ್ಪಿರುವುದೇ ಜಾಸ್ತಿ. ವಿಧಿಯ ಸಂಗೀತಕ್ಕೆ ಒಂದು ಕೆಲಸ ಇರುತ್ತದೆ. ಯಾರನ್ನೋ ನಡೆಸಬೇಕು, ಯಾರನ್ನೋ ನಿಲ್ಲಿಸಬೇಕು, ಸೇರಿದ ಮಂದಿಗೆ ‘ಈಗ’ ಅಂತ ಹೇಳಬೇಕು. ಆ ಕೆಲಸ ಏನೆಂದು ತಿಳಿಯದೆ ಸ್ವರ ಹುಡುಕಿದರೆ ಹಿನ್ನೆಲೆ ಸಂಗೀತ ಸಿಗುತ್ತದೆ, ವಿಧಿಯ ಸಂಗೀತ ಸಿಗುವುದಿಲ್ಲ. ಹಾಗಾಗಿ ಇಲ್ಲಿ ಸ್ವರದ ಮಾತು ಬರುವುದು ಐದನೇ ಹಂತದಲ್ಲಿ. ಅಲ್ಲಿಯವರೆಗೆ ಕೀಬೋರ್ಡ್ ಮುಟ್ಟಬೇಡಿ.

ಕೊನೆಯವರೆಗೂ ಒಂದೇ ಉದಾಹರಣೆ ಇಟ್ಟುಕೊಳ್ಳೋಣ. ದೊಡ್ಡ ಕೆರೆಯ ದಂಡೆಯ ಒಂದು ಕಲ್ಪನೆಯ ರಾಜ್ಯ. ಅಲ್ಲಿ ಕಿರೀಟ ಇಲ್ಲ, ತೂಬಿನ ಕೀಲಿ ಇದೆ. ಅದು ಯಾರ ಕೈಯಲ್ಲಿದೆಯೋ ಅವಳೇ ಅರಸಿ. ಹಳೆಯ ಅರಸಿ ಏರಿಯ ಒಂದು ತುದಿಯಿಂದ, ಹೊಸಬಳು ಇನ್ನೊಂದು ತುದಿಯಿಂದ ನಡೆದು ಬರುತ್ತಾರೆ. ನಡುವೆ ಕೀಲಿ ಕೈ ಬದಲಾಗುತ್ತದೆ. ಆಮೇಲೆ ಜನ ಹಗ್ಗ ಎಳೆದು ತೂಬಿನ ಹಲಗೆ ಎತ್ತುತ್ತಾರೆ, ನೀರು ಹೊರಡುತ್ತದೆ.

## ಶುರು ಮಾಡುವ ಮುಂಚೆ: ಏನೇನು ಬೇಕು

ಒಂದು ನೋಟ್‌ಬುಕ್, ಸ್ಟಾಪ್‌ವಾಚ್ ಮತ್ತು ರೆಕಾರ್ಡರ್ ಇರುವ ಫೋನು, ಟಿಕ್ ಟಿಕ್ ಎಂದು ಲಯ ಎಣಿಸುವ ಒಂದು ಮೆಟ್ರೊನೋಮ್ ಆ್ಯಪ್, ಒಂದು ತಂಬೂರಿ ಆ್ಯಪ್. ಸ್ವರ ಬರೆದುಕೊಳ್ಳಲು ಮ್ಯೂಸ್‌ಸ್ಕೋರ್, ಸದ್ದು ಮುದ್ರಿಸಿ ಕತ್ತರಿಸಲು ಆಡಾಸಿಟಿ. ಎರಡೂ ಉಚಿತ. ಹಲವು ಟ್ರ್ಯಾಕ್ ಜೋಡಿಸುವ ಸಾಫ್ಟ್‌ವೇರ್ ಈಗಾಗಲೇ ನಿಮ್ಮಲ್ಲಿದ್ದರೆ ಅದನ್ನೇ ಬಳಸಿ. ಇದಕ್ಕಾಗಿ ಹೊಸದು ಕಲಿಯಲು ಕೂರಬೇಡಿ.

ಇನ್ನೊಂದು ಬೇಕು, ಜನ ಮರೆಯುವುದು ಇದನ್ನೇ: ಹತ್ತು ಹೆಜ್ಜೆ ನಡೆಯಲು ಖಾಲಿ ಜಾಗ.

## ಹಂತ 1: ವಿಧಿಯನ್ನು ಬರೆಯಿರಿ, ಸಂಗೀತದ ಹೆಸರೆತ್ತದೆ

ಒಂದು ಪುಟದಲ್ಲಿ ಮೂರು ಕಂಬ (ಕಾಲಂ) ಎಳೆಯಿರಿ. ಮೊದಲನೆಯದರಲ್ಲಿ ‘ಯಾರು’, ಎರಡನೆಯದರಲ್ಲಿ ‘ಏನು ಮಾಡುತ್ತಾರೆ’, ಮೂರನೆಯದರಲ್ಲಿ ‘ಮುಗಿಯಿತೆಂದು ಹೇಗೆ ಗೊತ್ತಾಗುತ್ತದೆ’. ಮೂರನೇ ಕಂಬವೇ ಮುಖ್ಯ. ಕೀಲಿ ಕೈ ಬದಲಾಯಿತು ಅಂತ ಇನ್ನೂರು ಅಡಿ ದೂರ ನಿಂತವನಿಗೆ ಕಾಣುವುದಿಲ್ಲ. ಅವನಿಗೆ ಅದನ್ನು ಸಂಗೀತವೇ ಹೇಳಬೇಕು. ಹೀಗೆ ಕಣ್ಣಿಗೆ ಕಾಣದ ಕಡೆಯೆಲ್ಲ ಒಂದು ಗುರುತು ಹಾಕಿ. ನಿಮ್ಮ ರಚನೆಯ ಮುಖ್ಯ ಗಳಿಗೆಗಳು ಅವೇ.

ನಮ್ಮ ಉದಾಹರಣೆಯಲ್ಲಿ ಅಂಥವು ಮೂರು: ನಡಿಗೆ ಶುರುವಾಗುವುದು, ಕೀಲಿ ದಾಟುವುದು, ಹಗ್ಗಕ್ಕೆ ಕೈ ಹಾಕುವುದು. ಉಳಿದದ್ದೆಲ್ಲ ಇವುಗಳ ನಡುವಿನ ದಾರಿ.

ಸಾಮಾನ್ಯ ತಪ್ಪು: ‘ಗಂಭೀರ’, ‘ಭವ್ಯ’, ‘ದುಃಖ’ ಅಂತ ಭಾವದ ಪಟ್ಟಿ ಮಾಡಿಕೊಂಡು ಕೂರುವುದು. ಭಾವ ಬರೆಯಬೇಡಿ, ಕೆಲಸ ಬರೆಯಿರಿ. ‘ಮುದುಕಿ ಭಾರದ ಕೀಲಿ ಹೊತ್ತು ನಿಧಾನ ನಡೆಯುತ್ತಾಳೆ’ ಎಂದು ಬರೆದರೆ ಲಯ ತಾನಾಗಿ ಬರುತ್ತದೆ. ‘ಗಂಭೀರ’ ಎಂದು ಬರೆದರೆ ಬರುವುದು ಮತ್ತದೇ ಕೋರಸ್.

## ಹಂತ 2: ಹೆಜ್ಜೆ ಎಣಿಸಿ, ಹೊತ್ತು ಅಳೆಯಿರಿ

ಈಗ ಎದ್ದು ನಡೆಯಿರಿ. ಸುಮ್ನೆ ಓಡಾಡುವಾಗ ನಾವು ನಿಮಿಷಕ್ಕೆ ಹೆಚ್ಚುಕಡಿಮೆ 110ರಿಂದ 120 ಹೆಜ್ಜೆ ಇಡುತ್ತೇವೆ. ವಿಧಿಯ ನಡಿಗೆ ಅದರ ಅರ್ಧ, ನಿಮಿಷಕ್ಕೆ 60ರ ಆಸುಪಾಸು. ಕೈಯಲ್ಲಿ ಏನಾದರೂ ಭಾರ ಹಿಡಿದು 60ಕ್ಕೆ ಇಟ್ಟ ಮೆಟ್ರೊನೋಮ್ ಜೊತೆ ನಡೆದು ನೋಡಿ. ಮೊದಲ ಹತ್ತು ಹೆಜ್ಜೆ ತೂಗಾಡುವಂತೆ ಅನಿಸುತ್ತದೆ. ನಿಮ್ಮ ಪಾತ್ರಗಳಿಗೂ ಹಾಗೆಯೇ ಅನಿಸಬೇಕು.

ನಿಧಾನ ಹೆಜ್ಜೆ ಸುಮಾರು 0.6 ಮೀಟರ್ ಅಂದುಕೊಳ್ಳಿ. ಏರಿ 72 ಮೀಟರ್ ಉದ್ದ ಅಂತ ಇಟ್ಟರೆ, ಒಬ್ಬೊಬ್ಬ ಅರಸಿಗೆ 36 ಮೀಟರ್, ಅಂದರೆ 60 ಹೆಜ್ಜೆ. ನಿಮಿಷಕ್ಕೆ 60 ಹೆಜ್ಜೆಯ ಲಯದಲ್ಲಿ ಸರಿಯಾಗಿ ಒಂದು ನಿಮಿಷ. ಲೋಕ ನಿಮ್ಮದೇ ಆದ್ದರಿಂದ ಏರಿಯ ಉದ್ದವನ್ನು ಸಂಗೀತಕ್ಕೆ ಹೊಂದುವಂತೆ ಬದಲಿಸಬಹುದು. ಈ ಅನುಕೂಲ ನಿಜ ಜಗತ್ತಿನ ಸಂಗೀತಗಾರರಿಗೆ ಇಲ್ಲ. ಧಾರಾಳವಾಗಿ ಬಳಸಿಕೊಳ್ಳಿ.

ಎಚ್ಚರಿಕೆಯ ಗುರುತು: ನಡಿಗೆಯ ಸಂಗೀತ 3 ನಿಮಿಷ ಇದೆ, ನಡೆಯಬೇಕಾದ ದೂರ ಹತ್ತು ಮೀಟರ್. ಇದು ಬಹಳ ಕಡೆ ಕಾಣುತ್ತದೆ. ಆಗ ಪಾತ್ರಗಳು ಸಂಗೀತ ಮುಗಿಯಲಿ ಅಂತ ನಿಂತು ಕಾಯುತ್ತಿರುತ್ತವೆ.

## ಹಂತ 3: ಜಾಗ ಸದ್ದನ್ನು ಏನು ಮಾಡುತ್ತದೆ ನೋಡಿ

ಬಯಲೋ, ಕಲ್ಲಿನ ಮಂಟಪವೋ, ಗುಹೆಯೋ? ಇದು ತೀರ್ಮಾನವಾಗದೆ ಮುಂದೆ ಹೋಗಬೇಡಿ. ದೊಡ್ಡ ಕಲ್ಲಿನ ಕಟ್ಟಡದೊಳಗೆ ಒಂದು ಸ್ವರ ಕರಗಲು 5 ಸೆಕೆಂಡಿಗೂ ಜಾಸ್ತಿ ಹಿಡಿಯಬಹುದು. ಅಂಥ ಕಡೆ ಬೇಗ ಬೇಗ ಸ್ವರ ಬದಲಿಸಿದರೆ ಎಲ್ಲ ಒಂದರ ಮೇಲೊಂದು ಬಿದ್ದು ಕಲಸಿಹೋಗುತ್ತದೆ. ನಿಧಾನದ ಸ್ವರ, ಕಡಿಮೆ ಪದ, ನಡುವೆ ಬಿಡುವು ಬೇಕು. ಬಯಲಲ್ಲಿ ಇದಕ್ಕೆ ಉಲ್ಟಾ. ಸದ್ದು ವಾಪಸ್ ಬರುವುದಿಲ್ಲ, ದೂರ ಎರಡರಷ್ಟಾದಾಗಲೆಲ್ಲ ಸುಮಾರು 6 ಡೆಸಿಬಲ್ ಕಳೆದುಹೋಗುತ್ತದೆ. ತಂತಿವಾದ್ಯ ಅಲ್ಲಿ ದೂರಕ್ಕೆ ಕೇಳಿಸುವುದು ಕಷ್ಟ.

ಬಯಲಿನ ಇನ್ನೊಂದು ತೊಂದರೆ ತಡ. ಗಾಳಿಯಲ್ಲಿ ಸದ್ದು ಸೆಕೆಂಡಿಗೆ ಸುಮಾರು 343 ಮೀಟರ್ ಹೋಗುತ್ತದೆ. ನಮ್ಮ ಏರಿಯ ಎರಡು ತುದಿಯಲ್ಲಿ ಇಬ್ಬರು ನಗಾರಿಯವರು ನಿಂತರೆ, ಒಬ್ಬನ ಪೆಟ್ಟು ಇನ್ನೊಬ್ಬನಿಗೆ 0.2 ಸೆಕೆಂಡ್ ತಡವಾಗಿ ಮುಟ್ಟುತ್ತದೆ. ಇದು ಕಿವಿಗೆ ಸ್ಪಷ್ಟವಾಗಿ ಗೊತ್ತಾಗುವ ತಡ. ಸುಮಾರು ಜನ ಇದನ್ನು ದೋಷ ಅಂದುಕೊಂಡು ಎಲ್ಲರನ್ನೂ ಒಂದೇ ಕಡೆ ನಿಲ್ಲಿಸುತ್ತಾರೆ. ನಾನು ಹಾಗೆ ಮಾಡುವುದಿಲ್ಲ. ನಗಾರಿಯವರೂ ಅರಸಿಯರ ಜೊತೆ ನಡೆದು ಬರಲಿ. ಮೊದಲು ತಾಳ ಚೂರು ಚೂರು ತಪ್ಪುತ್ತಿರುತ್ತದೆ, ಹತ್ತಿರ ಬಂದಂತೆ ಕೂಡಿಕೊಳ್ಳುತ್ತದೆ. ರಾಜ್ಯ ಕೈ ಬದಲಾಗುವ ಕಥೆಯನ್ನು ಗಾಳಿಯೇ ಹೇಳಿಬಿಡುತ್ತದೆ.

ಮಾರ್ದನಿಯನ್ನೂ ಎಣಿಕೆಗೆ ಸೇರಿಸಬಹುದು. ಏರಿಯಿಂದ 172 ಮೀಟರ್ ದೂರದಲ್ಲಿ ಒಂದು ದೊಡ್ಡ ಬಂಡೆ ಇಟ್ಟರೆ, ಕೊಂಬಿನ ಸದ್ದು ಹೋಗಿ ಬರಲು ಸುಮಾರು 1 ಸೆಕೆಂಡ್. ನಮ್ಮ ಲಯದಲ್ಲಿ ಅದು ಸರಿಯಾಗಿ ಒಂದು ಎಣಿಕೆ. ಬಂಡೆಯೂ ಒಬ್ಬ ವಾದ್ಯಗಾರ ಆಯಿತು.

ನೀರಿನೊಳಗಿನ ರಾಜ್ಯವೇ? ನೀರಲ್ಲಿ ಸದ್ದು ನಾಲ್ಕು ಪಟ್ಟಿಗಿಂತ ಜಾಸ್ತಿ ವೇಗ, ಸೆಕೆಂಡಿಗೆ ಸುಮಾರು 1,480 ಮೀಟರ್. ಎಡ ಬಲ ಕಿವಿಗಳಿಗೆ ಸದ್ದು ಮುಟ್ಟುವ ಹೊತ್ತಿನ ಅಂತರ ಕಡಿಮೆಯಾಗಿ ಸದ್ದು ಯಾವ ಕಡೆಯಿಂದ ಬಂತೆಂದು ಮನುಷ್ಯರಿಗೆ ಗೊತ್ತಾಗುವುದು ಕಷ್ಟ. ‘ಎಡಗಡೆಯ ತಂಡ, ಬಲಗಡೆಯ ತಂಡ’ ಎಂಬ ಆಟ ಅಲ್ಲಿ ನಡೆಯುವುದಿಲ್ಲ.

## ಹಂತ 4: ವಾದ್ಯ ಆರಿಸಿ, ಅದರ ಮಿತಿಯನ್ನೂ ಬರೆಯಿರಿ

ಮೂರು ಬಗೆಯ ವಾದ್ಯ ಸಾಕು. ಕರೆಯಲು ಒಂದು, ಎಣಿಸಲು ಒಂದು, ಶ್ರುತಿ ಹಿಡಿಯಲು ಒಂದು. ನಾಲ್ಕನೆಯದು ಮನುಷ್ಯರ ದನಿ. ಐದನೆಯದು ಬೇಕು ಅನಿಸಿದರೆ, ಅದು ಯಾವ ಕೆಲಸ ಮಾಡುತ್ತದೆ ಅಂತ ಹಂತ 1ರ ಪುಟದಲ್ಲಿ ತೋರಿಸಿ. ತೋರಿಸಲು ಆಗದಿದ್ದರೆ ಬಿಡಿ.

ಪ್ರತಿ ವಾದ್ಯದ ಮುಂದೆ ಮೂರು ಪ್ರಶ್ನೆಗೆ ಉತ್ತರ ಬರೆಯಿರಿ. ಆ ಲೋಕದಲ್ಲಿ ಇದನ್ನು ಯಾವುದರಿಂದ ಮಾಡುತ್ತಾರೆ? ಇದಕ್ಕೆ ಯಾವ ಸ್ವರ ಬರುವುದಿಲ್ಲ? ಮಳೆ, ಚಳಿ, ನಡಿಗೆಯಲ್ಲಿ ಏನಾಗುತ್ತದೆ? ಕೊನೆಯ ಪ್ರಶ್ನೆ ಸಣ್ಣದಲ್ಲ. ತೇವಕ್ಕೆ ಚರ್ಮ ಸಡಿಲಗೊಂಡು ನಗಾರಿಯ ಶ್ರುತಿ ಇಳಿಯುತ್ತದೆ. ಚಳಿಗೆ ಊದುವ ವಾದ್ಯಗಳ ಶ್ರುತಿಯೂ ಇಳಿಯುತ್ತದೆ. ಕೆರೆಯ ಏರಿಯಲ್ಲಿ ಬೆಳಗಿನ ಜಾವ ನಗಾರಿ ಬಾರಿಸುವವರು ಮೊದಲು ಬೆಂಕಿಗೆ ಹಿಡಿದು ಕಾಯಿಸಲೇಬೇಕು. ನೋಡಿ, ವಿಧಿಗೆ ಒಂದು ಹೊಸ ದೃಶ್ಯವೇ ಸಿಕ್ಕಿತು.

ಕೊಂಬನ್ನು ಸ್ವಲ್ಪ ಹತ್ತಿರದಿಂದ ನೋಡೋಣ, ಏಕೆಂದರೆ ಜಾಸ್ತಿ ಜನ ಎಡವುವುದು ಇಲ್ಲೇ. ತೂತು, ಕೀಲಿಗಳಿಲ್ಲದ ಕೊಂಬು ಬೇಕಾದ ಸ್ವರವನ್ನೆಲ್ಲ ನುಡಿಸುವುದಿಲ್ಲ. ಸುಮಾರು 1.7 ಮೀಟರ್ ಉದ್ದದ ಕೊಂಬಿನ ಮೂಲಸ್ವರ ಸರಿಸುಮಾರು 100 ಹರ್ಟ್ಸ್, ಅಂದರೆ ಸೆಕೆಂಡಿಗೆ 100 ಕಂಪನ. ತುಟಿ ಬಿಗಿ ಮಾಡಿದಂತೆ 200, 300, 400, 500 ಅಂತ ಅದರ ಗುಣಕಗಳು ಮಾತ್ರ ಬರುತ್ತವೆ. 400 ಅನ್ನು ಷಡ್ಜ ಎಂದು ಹಿಡಿದರೆ 500 ಗಾಂಧಾರ, 600 ಪಂಚಮ, 700 ಕೊಂಚ ತಗ್ಗಿದ ನಿಷಾದ, 800 ಮೇಲಿನ ಷಡ್ಜ. ರಿಷಭ ಬೇಕಾದರೆ ಇನ್ನೂ ಮೇಲೆ 900ಕ್ಕೆ ಹೋಗಬೇಕು. ಕೆಳಗಿನ ಸ್ಥಾಯಿಯಲ್ಲಿ ಸ್ವರಗಳ ನಡುವೆ ದೊಡ್ಡ ದೊಡ್ಡ ಹಳ್ಳಗಳು, ಮೇಲೆ ಹೋದಂತೆ ಹತ್ತಿರ ಹತ್ತಿರ.

ಅಂದರೆ ಪೂರ್ತಿ ಹಾಡನ್ನು ಒಂದು ಕೊಂಬಿಗೆ ಕೊಡಬೇಡಿ. ಮೂರು ಬೇರೆ ಬೇರೆ ಉದ್ದದ ಕೊಂಬುಗಳಿಗೆ ಹಂಚಿ. ಒಬ್ಬೊಬ್ಬರಿಗೆ ಒಂದೆರಡು ಸ್ವರ ಮಾತ್ರ. ಕಡಿಮೆ ಸ್ವರದ ಕರೆಯೇ ಹೆಚ್ಚು ನೆನಪಿನಲ್ಲಿ ಉಳಿಯುತ್ತದೆ.

ಗಂಟೆ ಬೇಕೆನ್ನುವವರಿಗೂ ಒಂದು ಮಾತು. ಇಗರ್ಜಿಯಂಥ ಕಡೆ ತೂಗುವ ದುಂಡನೆಯ ದೊಡ್ಡ ಗಂಟೆಯ ನಾದದಲ್ಲಿ ಸಾಧಾರಣ ಗಾಂಧಾರದ, ಅಂದರೆ ಅಂತರ ಗಾಂಧಾರಕ್ಕಿಂತ ತಗ್ಗಿನ ಗಾಂಧಾರದ, ಎಳೆ ಅಡಗಿರುತ್ತದೆ. ಅದರ ಮೇಲೆ ಅಂತರ ಗಾಂಧಾರದ ಹಾಡು ಹಾಕಿದರೆ ಏನೋ ಹುಳಿಯಾದ ಹಾಗೆ ಕೇಳುತ್ತದೆ, ಕಾರಣ ಮಾತ್ರ ಗೊತ್ತಾಗುವುದಿಲ್ಲ. ದುಂಡು ಗಂಟೆ ಬಹಳ ಹೊತ್ತು ಮೊಳಗುವುದರಿಂದ ಬೇಗದ ಸ್ವರಗಳಿಗೂ ಅದು ಆಗದು. ಇದಕ್ಕೆ ಬೇರೆ ದಾರಿಯೂ ಇದೆ. ಚೀನಾದಲ್ಲಿ 1978ರಲ್ಲಿ ಅಗೆದು ತೆಗೆದ, ಕ್ರಿಸ್ತಪೂರ್ವ 5ನೇ ಶತಮಾನದ ಸಮಾಧಿಯೊಂದರಲ್ಲಿ 65 ಕಂಚಿನ ಗಂಟೆಗಳು ಸಿಕ್ಕವು. ಅವುಗಳಲ್ಲಿ ಬಹುಪಾಲು ಬಾದಾಮಿ ಕಾಯಿಯ ಹಾಗೆ ಚಪ್ಪಟೆ. ನಡುವೆ ಹೊಡೆದರೆ ಒಂದು ಸ್ವರ, ಪಕ್ಕಕ್ಕೆ ಹೊಡೆದರೆ ಇನ್ನೊಂದು, ಮೊಳಗೂ ಬೇಗ ಆರುತ್ತದೆ. ಗಂಟೆಯಲ್ಲಿ ಹಾಡು ನುಡಿಸಬೇಕಾದ ಲೋಕಕ್ಕೆ ಈ ಆಕಾರವೇ ಸರಿ.

ನಮ್ಮ ವಿಧಿಗೆ: ಮೂರು ಕೊಂಬು, ಎರಡು ನಗಾರಿ, ಶ್ರುತಿಗೆ ಒಂದು ಜೋಡಿ ಲೋಹದ ತಟ್ಟೆ. ತಟ್ಟೆಗಳಲ್ಲಿ ಒಂದನ್ನು 200 ಹರ್ಟ್ಸ್‌ಗೆ, ಇನ್ನೊಂದನ್ನು 203ಕ್ಕೆ ಇಡಿ. ಒಟ್ಟಿಗೆ ಹೊಡೆದಾಗ ಸೆಕೆಂಡಿಗೆ ಮೂರು ಬಾರಿ ಸದ್ದು ಉಬ್ಬಿ ಇಳಿಯುತ್ತದೆ. ನೀರಿನ ಮೇಲೆ ಅಲೆ ಎದ್ದಂತೆ ಕೇಳಲು ಇನ್ನೇನೂ ಎಫೆಕ್ಟ್ ಬೇಡ. ಬಾಲಿ ದ್ವೀಪದ ಲೋಹವಾದ್ಯಗಳ ಮೇಳವಾದ ಗಮೆಲಾನ್‌ನಲ್ಲಿ ಜೋಡಿ ವಾದ್ಯಗಳನ್ನು ಬೇಕೆಂದೇ ಹೀಗೆ ಚೂರು ಬೇರೆ ಶ್ರುತಿಗೆ ಇಡುತ್ತಾರೆ.

## ಹಂತ 5: ಸ್ವರಗಳನ್ನು ವಾದ್ಯದಿಂದ ಪಡೆಯಿರಿ

ಈಗ ಕೀಬೋರ್ಡ್ ತೆಗೆಯಬಹುದು. ಆದರೆ ರಾಗ ಆರಿಸಲು ಹೋಗಬೇಡಿ, ನಿಮ್ಮ ವಾದ್ಯ ಏನು ಕೊಟ್ಟಿದೆ ನೋಡಿ. ನಮ್ಮ ಕೊಂಬು ಕೊಟ್ಟದ್ದು ಸ, ರಿ, ಗ, ಪ, ತಗ್ಗಿದ ನಿ. ಇನ್ನೂ ಮೇಲೆ ಹೋದರೆ ಶುದ್ಧ ಮಧ್ಯಮಕ್ಕೂ ಪ್ರತಿ ಮಧ್ಯಮಕ್ಕೂ ನಡುವೆ ನಿಲ್ಲುವ ಒಂದು ವಿಚಿತ್ರ ಸ್ವರ ಸಿಗುತ್ತದೆ. ಇವನ್ನೆಲ್ಲ ಹನ್ನೆರಡು ಸ್ವರಸ್ಥಾನಕ್ಕೆ ‘ತಿದ್ದಿ’ದರೆ ಕರ್ನಾಟಕ ಸಂಗೀತದ 64ನೇ ಮೇಳರಾಗವಾದ ವಾಚಸ್ಪತಿಯ ಹತ್ತಿರ ಬಂದು ನಿಲ್ಲುತ್ತೀರಿ. ಆಗ ಕೇಳುವವರ ಕಿವಿ ತನಗೆ ಗೊತ್ತಿರುವ ಕೃತಿಗಳ ಕಡೆ ಓಡುತ್ತದೆ. ತಿದ್ದಬೇಡಿ. ನಿಷಾದವನ್ನು ಕೀಬೋರ್ಡಿನ ಕೈಶಿಕಿ ನಿಷಾದಕ್ಕಿಂತ 31 ಸೆಂಟ್ (ಪಕ್ಕಪಕ್ಕದ ಎರಡು ಸ್ವರಸ್ಥಾನಗಳ ನಡುವೆ 100 ಸೆಂಟ್) ಇಳಿಸಿ ಹಾಗೇ ಇಟ್ಟರೆ ಕೊಂಬು ನಿಜವಾಗಿಯೂ ಕೊಂಬಿನಂತೆ ಕೇಳುತ್ತದೆ. ಸಾಫ್ಟ್‌ವೇರಿನಲ್ಲಿ ಇದಕ್ಕೆ ಆ ಒಂದು ಸ್ವರದ ಪಿಚ್ ಬೆಂಡ್ ಸಾಕು.

ಬಹು ಜನ ಕೇಳುವ ಪ್ರಶ್ನೆ: ಐದು ಸ್ವರದ ಹಾಡು ಮಾಡಿದರೆ ಯಾವುದೋ ನಿಜವಾದ ದೇಶದ ಸಂಗೀತದಂತೆ ಕೇಳುತ್ತದಲ್ಲ? ಹೌದು, ಕೇಳುತ್ತದೆ. ಅದಕ್ಕೆ ಕಾರಣ ಸ್ವರಕ್ಕಿಂತ ಹೆಚ್ಚಾಗಿ ಗಮಕ, ವಾದ್ಯ, ಮುಕ್ತಾಯದ ರೀತಿ. ಅವನ್ನು ಬದಲಿಸಿ. ಉದಾಹರಣೆಗೆ, ಷಡ್ಜದಲ್ಲಿ ಮುಗಿಸುವ ಬದಲು ಪ್ರತಿ ಸಾಲನ್ನೂ ಗಾಂಧಾರದಲ್ಲಿ ನಿಲ್ಲಿಸಿ, ಕಟ್ಟಕಡೆಗೆ ಮಾತ್ರ ಷಡ್ಜಕ್ಕೆ ಇಳಿಯಿರಿ.

ಇನ್ನೊಂದು ಬಲೆ ಕಾರ್ಡ್‌ಗಳು. ಮೂರು ಸ್ವರ ಒಟ್ಟಿಗೆ ನುಡಿಸಿ ಒಂದರಿಂದ ಇನ್ನೊಂದಕ್ಕೆ ಸಾಗುವ ಕ್ರಮ ಯುರೋಪಿನಲ್ಲಿ ಬೆಳೆದದ್ದು. ಅದನ್ನು ಹಾಕಿದ ಕೂಡಲೇ ನಿಮ್ಮ ಲೋಕ ಅಲ್ಲಿಗೇ ಹೋಗಿ ಕೂರುತ್ತದೆ. ತುಂಬಿದ ಸದ್ದು ಬೇಕಾದರೆ ಬೇರೆ ಉಪಾಯಗಳಿವೆ: ಒಂದೇ ಶ್ರುತಿ ಹಿಡಿದು ಅದರ ಮೇಲೆ ಹಾಡುವುದು, ಒಂದೇ ಹಾಡನ್ನು ಷಡ್ಜದಲ್ಲೂ ಪಂಚಮದಲ್ಲೂ ಜೊತೆಯಾಗಿ ಹಾಡುವುದು, ಎಲ್ಲರೂ ಒಂದೇ ಹಾಡನ್ನು ತಂತಮ್ಮ ಚಿಕ್ಕಪುಟ್ಟ ವ್ಯತ್ಯಾಸದೊಂದಿಗೆ ಹಾಡುವುದು. ಮೂರನೆಯದು ಜನಜಂಗುಳಿಗೆ ಹೇಳಿಮಾಡಿಸಿದ್ದು.

ಜನ ಹಾಡಬೇಕಾದ ಭಾಗ ಒಂದು ಸ್ಥಾಯಿ ಮೀರದಿರಲಿ. ಐದು ಸ್ವರದೊಳಗೆ ಮುಗಿದರೆ ಇನ್ನೂ ಒಳ್ಳೆಯದು. ಮೇಲಿನ ಸ್ವರ ಬೇಕಾದಾಗ ಕೊಂಬು ಇದೆಯಲ್ಲ.

## ಹಂತ 6: ತಾಳ ಕಟ್ಟಿ, ಕಾಲಿಗೆ ಹೊಂದಿಸಿ

ಮನುಷ್ಯನಿಗೆ ಎರಡು ಕಾಲು. ಹಾಗಾಗಿ ಸಮ ಸಂಖ್ಯೆಯ ತಾಳದಲ್ಲಿ ಪ್ರತಿ ಆವರ್ತದ ಮೊದಲ ಪೆಟ್ಟು ಒಂದೇ ಕಾಲಿಗೆ ಬೀಳುತ್ತದೆ. 5, 7ರಂಥ ಬೆಸ ತಾಳದಲ್ಲಿ ಒಮ್ಮೆ ಎಡ, ಒಮ್ಮೆ ಬಲ. ಇದನ್ನು ಮರೆತು 7ರ ತಾಳಕ್ಕೆ ಸೈನ್ಯ ನಡೆಸಿದರೆ ಇಡೀ ಸೈನ್ಯ ಎಡವುತ್ತಿರುವ ಹಾಗೆ ಕಾಣುತ್ತದೆ. ನೆನಪಿಟ್ಟು ಬಳಸಿದರೆ ಅದೇ ಒಂದು ಸೊಗಸು.

ನಮ್ಮ ಹಳೆಯ ಅರಸಿಯ ನಗಾರಿಗೆ 6ರ ಆವರ್ತ ಕೊಡೋಣ, ಹೊಸಬಳದಕ್ಕೆ 5ರದು. ಇಬ್ಬರೂ ಆವರ್ತದ ಮೊದಲ ಎಣಿಕೆಗೆ ಮಾತ್ರ ಹೊಡೆಯುತ್ತಾರೆ.

ಹಳೆಯ ಅರಸಿ: 1, 7, 13, 19, 25, 31
ಹೊಸ ಅರಸಿ: 1, 6, 11, 16, 21, 26, 31

ಹಳೆಯವಳ ಪೆಟ್ಟು ಯಾವಾಗಲೂ ಒಂದೇ ಕಾಲಿಗೆ, ಹೊಸಬಳದು ಕಾಲು ಬದಲಿಸುತ್ತಾ ಹೋಗುತ್ತದೆ. 30 ಎಣಿಕೆ ಮುಗಿದು 31ಕ್ಕೆ ಎರಡೂ ಕೂಡುತ್ತವೆ. ನಡಿಗೆ 60 ಹೆಜ್ಜೆ ಇದ್ದದ್ದು ನೆನಪಿದೆಯಾ? 31ಕ್ಕೆ ಒಮ್ಮೆ ಕೂಡುತ್ತವೆ, ಆಗ ಅರಸಿಯರು ಇನ್ನೂ ಅರ್ಧ ದಾರಿಯಲ್ಲಿದ್ದಾರೆ. ಮತ್ತೆ ಬೇರ್ಪಟ್ಟು 61ಕ್ಕೆ ಕೂಡುತ್ತವೆ, ಆಗ ಎದುರುಬದುರು ನಿಂತಿದ್ದಾರೆ. ಕೀಲಿ ದಾಟುವುದು ಆ ಪೆಟ್ಟಿಗೆ.

ಮೇಲಿನ ಸಂಖ್ಯೆಗಳನ್ನು ಇನ್ನೊಮ್ಮೆ ನೋಡಿ. 25, 26 ಒಂದರ ಹಿಂದೆ ಒಂದು. ಆಮೇಲೆ 27, 28, 29, 30 ಪೂರ್ತಿ ಖಾಲಿ. ಆಮೇಲೆ ಒಟ್ಟಿಗೆ 31. ಎರಡನೇ ಸುತ್ತಿನಲ್ಲಿ ಈ ಖಾಲಿ ಎಣಿಕೆಗಳು 57ರಿಂದ 60. ಕೀಲಿ ಹಿಡಿದ ಕೈ ಮುಂದೆ ಚಾಚಲು ನಾಲ್ಕು ಸೆಕೆಂಡಿನ ಮೌನ ತಾನಾಗಿಯೇ ಸಿಕ್ಕಿತು. ಅಲ್ಲಿ ಏನನ್ನೂ ತುಂಬಬೇಡಿ, ದಯವಿಟ್ಟು.

ಬೇರೆ ಲೋಕಕ್ಕೂ ಇದೇ ಲೆಕ್ಕ. ಎರಡು ಚಂದ್ರರಿದ್ದರೆ 5 ಮತ್ತು 7 ಇಡಿ, 35 ಎಣಿಕೆಗೊಮ್ಮೆ ಕೂಡುತ್ತವೆ. ಆದರೆ 11 ಮತ್ತು 13ಕ್ಕೆ ಹೋಗಬೇಡಿ. ಕೂಡಲು 143 ಎಣಿಕೆ ಬೇಕು. ಕಾಗದದ ಮೇಲೆ ಚೆಂದ, ಅಷ್ಟು ಹೊತ್ತು ಯಾರೂ ಕಾಯುವುದಿಲ್ಲ.

ಎಚ್ಚರಿಕೆಯ ಗುರುತು: ಕೂಡುವ ಪೆಟ್ಟನ್ನು ಸಂಗೀತ ಗೊತ್ತಿಲ್ಲದವರಿಗೆ ಕೇಳಿಸಿ. ಆ ಗಳಿಗೆಗೆ ಅವರ ತಲೆ ಆಡದಿದ್ದರೆ ನಿಮ್ಮ ಎರಡು ನಗಾರಿಗಳ ದನಿ ಒಂದೇ ಥರ ಇದೆ ಎಂದರ್ಥ. ಒಂದು ದಪ್ಪ, ಒಂದು ಸಣ್ಣ ಇರಲಿ.

## ಹಂತ 7: ಹಾಡಿನ ಮಾತು

ಕಲ್ಪನೆಯ ಭಾಷೆ ಅಂದರೆ ಬಾಯಿಗೆ ಬಂದ ಅಕ್ಷರ ಪೋಣಿಸುವುದಲ್ಲ. ಮೊದಲು ಹಾಡಿನ ಅರ್ಥವನ್ನು ಕನ್ನಡದಲ್ಲಿ ಒಂದೇ ಸಾಲಿನಲ್ಲಿ ಬರೆಯಿರಿ. ನಮ್ಮದು: ‘ಹಳೆಯ ನೀರೇ, ಹೊಸ ಕೈಯನ್ನು ಗುರುತು ಹಿಡಿ.’ ಅದಕ್ಕೆ ಬೇಕಾದ ಐದಾರು ಪದ ಮಾತ್ರ ಹುಟ್ಟಿಸಿ, ಪಟ್ಟಿ ಮಾಡಿಟ್ಟುಕೊಳ್ಳಿ. ಮುಂದೆ ಅದೇ ಪದ ಬೇರೆ ಅರ್ಥದಲ್ಲಿ ಬಂದರೆ ಓದುಗರು, ಆಡುವವರು ಖಂಡಿತ ಹಿಡಿಯುತ್ತಾರೆ.

ಆಮೇಲೆ ಹಾಡಿನ ಸ್ವರ ಬರೆದು, ಅದರ ಕೆಳಗೆ ಗುರು ಲಘು ಹಾಕಿ. ಛಂದಸ್ಸಿನ ಪಾಠ ಇಲ್ಲಿ ನಿಜವಾಗಿಯೂ ಉಪಯೋಗಕ್ಕೆ ಬರುತ್ತದೆ. ಅಲ್ಪವಿರಾಮ ಎಂದರೆ ಹಿಂದಿನ ಸ್ವರ ಇನ್ನೊಂದು ಎಣಿಕೆ ಮುಂದುವರಿದಿದೆ ಎಂದರ್ಥ:

ಸ , , ಪ | ಪ , ಗ , | ರಿ , ಗ ರಿ | ಸ , , ,
ಯೋ , , ಲ | ವೇ , ನೂ , | ಥಾ , ರಿ ಮ | ಹೋ , , ,

ಇದು ಕಟ್ಟಕಡೆಯ ಸಾಲು, ಅದಕ್ಕೇ ಷಡ್ಜಕ್ಕೆ ಇಳಿದಿದೆ. ಮುಂಚಿನ ಸಾಲುಗಳಲ್ಲಿ ‘ಹೋ’ ಗಾಂಧಾರದಲ್ಲೇ ನಿಲ್ಲಲಿ. ಉದ್ದ ಸ್ವರಕ್ಕೆ ದೀರ್ಘಾಕ್ಷರ, ಒಂದೇ ಎಣಿಕೆಯ ಸ್ವರಕ್ಕೆ ಲಘು. ಒತ್ತಕ್ಷರದ ಹಿಂದಿನ ಅಕ್ಷರವೂ ಛಂದಸ್ಸಿನಲ್ಲಿ ಗುರುವೇ, ಆದರೆ ಅದನ್ನು ನಾಲ್ಕು ಎಣಿಕೆ ಎಳೆಯಲು ಹೋಗಬೇಡಿ. ‘ಕಲ್ಲು’ ಎಂಬುದನ್ನು ಎಳೆದರೆ ‘ಕಾ…ಲು’ ಆಗಿಬಿಡುತ್ತದೆ. ನಿಮ್ಮ ಭಾಷೆಯ ಪದಗಳಿಗೂ ಇದೇ ಗತಿ. ಎತ್ತರದ ಸ್ವರಕ್ಕೆ ‘ಇ’, ‘ಉ’ ಕಾರ ಕೊಟ್ಟರೆ ಹಾಡುವವರ ಗಂಟಲು ಬಿಗಿಯುತ್ತದೆ. ‘ಆ’, ‘ಓ’ ಕೊಡಿ.

ಒಂದು ಉಸಿರಿಗೆ ಎಂಟು ಸೆಕೆಂಡ್ ಸಾಕು. ಮೇಲಿನ ಸಾಲು 16 ಎಣಿಕೆ, ಅಂದರೆ ಎರಡು ಉಸಿರು. ‘ನೂ’ ಮುಗಿದ ಕಡೆ ಉಸಿರಿನ ಗುರುತು ಹಾಕಿ.

ಹುಟ್ಟಿಸಿದ ಪದಗಳನ್ನು ಕೊನೆಗೆ ಜೋರಾಗಿ ಓದಿ, ಗೊತ್ತಿರುವ ಭಾಷೆಗಳಲ್ಲಿ ಏನಾದರೂ ಅರ್ಥ ಬರುತ್ತದಾ ನೋಡಿ. ಕೆರೆ ಏರಿಯ ಮೇಲೆ ನಿಂತು ‘ಸೋರು ಸೋರು’ ಅಂತ ಕೇಳುವ ಮಂಗಳಗೀತೆ ಹಾಡಿದರೆ ಕನ್ನಡದವರ್ಯಾರೂ ನಗದೆ ಇರಲಾರರು.

## ಹಂತ 8: ಭಾಗಗಳನ್ನು ಜೋಡಿಸಿ

ಈಗ ಹಂತ 1ರ ಪುಟವನ್ನು ಪಕ್ಕದಲ್ಲಿಟ್ಟು ಭಾಗಗಳನ್ನು ಸಾಲಾಗಿ ಇಡಿ.

ಕೊಂಬಿನ ಕರೆ: ಸ, ಪ, ಮೇಲಿನ ಸ. ಮೂರೇ ಸ್ವರ. ಬಂಡೆಯ ಮಾರ್ದನಿಗೆ ಜಾಗ ಬಿಟ್ಟು ಇನ್ನೊಮ್ಮೆ. ಇದು ಎಲ್ಲರನ್ನೂ ಸುಮ್ಮನಾಗಿಸಲು.

ನಡಿಗೆ: ಎರಡು ನಗಾರಿ ಮಾತ್ರ, 60 ಎಣಿಕೆ. 31ಕ್ಕೆ ಅವು ಕೂಡಿದಾಗ ಒಂದು ಕೊಂಬು ಒಂದೇ ಸ್ವರ ಊದುತ್ತದೆ. ‘ಮುಂದಿನ ಸಲ ಕೂಡಿದಾಗ’ ಎಂಬ ಸೂಚನೆ ಅದು. ಕೇಳುಗರಿಗೆ ನಿಯಮವನ್ನು ಒಮ್ಮೆ ಕಲಿಸಿದ ಮೇಲೆಯೇ ಎರಡನೇ ಸಲ ಅವರು ಕಾತರದಿಂದ ಕಾಯುವುದು.

ಕೀಲಿ: 61ನೇ ಎಣಿಕೆಗೆ ಎರಡು ನಗಾರಿ, ಎರಡು ತಟ್ಟೆ ಒಟ್ಟಿಗೆ. ತಟ್ಟೆಯ ಅಲೆ ಆರುವವರೆಗೆ ಏನೂ ಇಲ್ಲ. ಎಷ್ಟು ಹೊತ್ತು ಅಂತ ಬರೆಯಬೇಡಿ, ‘ಆರುವವರೆಗೆ’ ಅಂತಲೇ ಬರೆಯಿರಿ.

ಹಗ್ಗ: ಜನರ ಹಾಡು. ಇಲ್ಲಿ ಒಂದು ಸೂಕ್ಷ್ಮ ಇದೆ. ಭಾರ ಎಳೆಯುವವರಿಗೆ ಎಳೆಯುವ ಹೊತ್ತಿಗೆ ಹಾಡಲು ಆಗುವುದಿಲ್ಲ, ಉಸಿರು ಕಟ್ಟಿರುತ್ತಾರೆ. ಆದ್ದರಿಂದ ದಡದ ಜನ ಹಾಡಲಿ. ಎಳೆಯುವವರು ಮೊದಲ ಮೂರು ಗುಂಪಿನ ಮೊದಲ ಎಣಿಕೆಗೆ ಒಂದೊಂದು ಎಳೆತ ಎಳೆಯಲಿ. ನಾಲ್ಕನೇ ಗುಂಪಿನಲ್ಲಿ ಹಗ್ಗ ಬಿಗಿ ಹಿಡಿದು ನಿಂತು, ‘ಹೋ’ಗೆ ದನಿ ಸೇರಿಸಲಿ. 16 ಸೆಕೆಂಡಿಗೆ ಮೂರು ಎಳೆತ. ಹಲಗೆ ಏಳುವವರೆಗೆ ಹಾಡು ಸುತ್ತುತ್ತದೆ.

ನೀರು ಹೊರಟ ಸದ್ದು ಬಂದ ಕೂಡಲೇ ಹಾಡು ಎಲ್ಲಿದ್ದರೂ ಆ ಸಾಲು ಮುಗಿಸಿ ನಿಲ್ಲಿಸಿ. ಮೇಲೆ ಇನ್ನೊಂದು ದೊಡ್ಡ ಮುಕ್ತಾಯ ಕಟ್ಟುವ ಆಸೆ ಬರುತ್ತದೆ, ಕಟ್ಟಬೇಡಿ. ನೀರಿನ ಸದ್ದಿಗಿಂತ ದೊಡ್ಡ ಮುಕ್ತಾಯ ನಿಮ್ಮ ಹತ್ತಿರ ಇಲ್ಲ.

## ಹಂತ 9: ಮುದ್ರಿಸಿ

ಮೊದಲ ಕರಡನ್ನು ನಿಮ್ಮ ದನಿಯಲ್ಲೇ ಫೋನಿಗೆ ಹಾಡಿ, ಮೇಜು ಬಡಿದು ಮುದ್ರಿಸಿ. ಹಾಗೆಯೂ ವಿಧಿಯ ಹಾಗೆ ಕೇಳಿಸಿದರೆ ಮಾತ್ರ ಮೊದಲೇ ಮುದ್ರಿಸಿಟ್ಟ ವಾದ್ಯದ ಸದ್ದುಗಳ, ಅಂದರೆ ಸ್ಯಾಂಪಲ್‌ಗಳ ಕಡೆ ಹೋಗಿ. ಕೇಳಿಸದಿದ್ದರೆ ಒಳ್ಳೆಯ ಸ್ಯಾಂಪಲ್ ಕೂಡ ಅದನ್ನು ಉಳಿಸುವುದಿಲ್ಲ. 6ನೇ ಹಂತಕ್ಕೆ ವಾಪಸ್ ಹೋಗಿ.

ಜನರ ಹಾಡಿಗೆ ಸಿದ್ಧ ಕೋರಸ್ ಬೇಡ. ಮನೆಯವರು, ಗೆಳೆಯರು ಯಾರು ಸಿಗುತ್ತಾರೋ ಅವರಿಂದ ಒಂದೇ ಸಾಲನ್ನು ಬೇರೆ ಬೇರೆಯಾಗಿ ಹಾಡಿಸಿ, ಒಂದರ ಮೇಲೊಂದು ಇಡಿ. ಶ್ರುತಿ ಚೂರು ಆಚೀಚೆ ಆದರೂ ತಿದ್ದಬೇಡಿ. ಒಬ್ಬರದೇ ದನಿಯನ್ನು ಹತ್ತು ಸಲ ನಕಲು ಮಾಡಿ ಅಂಟಿಸುವುದೂ ಬೇಡ. ಅದು ಜನಜಂಗುಳಿ ಆಗುವುದಿಲ್ಲ, ಅದೇ ದನಿ ಜೋರಾಗುತ್ತದೆ ಅಷ್ಟೆ. ಒಬ್ಬರೇ ಇದ್ದರೆ ಪ್ರತಿ ಸಲವೂ ಹೊಸದಾಗಿ, ಮೈಕಿನಿಂದ ಬೇರೆ ಬೇರೆ ದೂರ ನಿಂತು ಹಾಡಿ.

ಸಾಫ್ಟ್‌ವೇರಿನಲ್ಲಿ ನಗಾರಿಯ ಪೆಟ್ಟುಗಳ ವೆಲಾಸಿಟಿ, ಅಂದರೆ ಹೊಡೆತದ ಜೋರು, 127 ದಾಟುವುದಿಲ್ಲ. ಎಲ್ಲವನ್ನೂ 127ಕ್ಕೆ ಇಟ್ಟರೆ 61ನೇ ಎಣಿಕೆಗೆ ಏನೂ ಉಳಿದಿರುವುದಿಲ್ಲ. ನಡಿಗೆಯನ್ನು 70ರ ಸುತ್ತ ಇಡಿ.

ರಿವರ್ಬ್ (ಜಾಗದಲ್ಲಿ ಸದ್ದು ಗುಂಯ್ ಎಂದು ಉಳಿಯುವ ಎಫೆಕ್ಟ್) ಹಾಕುವಾಗ ಹಂತ 3 ನೆನಪಿರಲಿ. ಬಯಲಿನ ವಿಧಿಗೆ ಗುಹೆಯ ರಿವರ್ಬ್ ಹಾಕುವುದು ನಾನು ಅತಿ ಹೆಚ್ಚು ಕೇಳುವ ತಪ್ಪು. ನಮ್ಮ ಏರಿಗೆ ಬೇಕಾದ್ದು 1 ಸೆಕೆಂಡಿನ ಒಂದೇ ಒಂದು ಮಾರ್ದನಿ. ಅದನ್ನು ಮೂಲಕ್ಕಿಂತ ಸಣ್ಣದಾಗಿ, ಮೇಲಿನ ಕಂಪನಗಳನ್ನು ಕೊಂಚ ತೆಗೆದು ಹಾಕಿ. ಗಾಳಿಯಲ್ಲಿ ದೂರ ಬಂದ ಸದ್ದು ಮೊದಲು ಕಳೆದುಕೊಳ್ಳುವುದು ಅದರ ಚುರುಕನ್ನು. ಒಬ್ಬ ಅರಸಿಯ ಹತ್ತಿರ ನಿಂತು ಕೇಳುವಂತೆ ಮಾಡುವುದಾದರೆ, ಇನ್ನೊಬ್ಬಳ ನಗಾರಿಯನ್ನು ಮೊದಲಿಗೆ 0.2 ಸೆಕೆಂಡ್ ತಡ ಮಾಡಿ. ಆ ತಡ 60 ಎಣಿಕೆಯಲ್ಲಿ ನಿಧಾನವಾಗಿ ಸೊನ್ನೆಗೆ ಬರಲಿ.

## ಹಂತ 10: ನಡೆದು ಪರೀಕ್ಷಿಸಿ, ಆಮೇಲೆ ಕೊಡಿ

ಕೂತು ಕೇಳಿದರೆ ಸಾಲದು. ಇಬ್ಬರು ಎದುರು ಬದುರಾಗಿ ನಡೆದು ನೋಡಿ. ಒಬ್ಬರ ಕೈಯಲ್ಲಿ ಏನಾದರೂ ವಸ್ತು ಇರಲಿ. ಜಾಗ ಕಡಿಮೆ ಇದ್ದರೆ ನಿಂತಲ್ಲೇ ಹೆಜ್ಜೆ ಹಾಕಿ. ನೋಡಬೇಕಾದ್ದು ಇಷ್ಟು: ಎಣಿಸದೆಯೇ 61ಕ್ಕೆ ಕೈ ಚಾಚಲು ಆಗುತ್ತಿದೆಯಾ? ಖಾಲಿ ನಾಲ್ಕು ಎಣಿಕೆಯಲ್ಲಿ ಯಾರಾದರೂ ‘ಮುಗೀತಾ?’ ಅಂತ ಕೇಳಿದರಾ? ಹಾಡನ್ನು ಒಮ್ಮೆ ಕೇಳಿದವರು ಎರಡನೇ ಸುತ್ತಿಗೆ ಗುನುಗಿದರಾ? ಮೊದಲನೆಯದಕ್ಕೆ ಇಲ್ಲ ಎಂದು ಬಂದರೆ 25, 26ರ (ಎರಡನೇ ಸುತ್ತಿನಲ್ಲಿ 55, 56ರ) ಪೆಟ್ಟುಗಳು ಸಣ್ಣದಾಗಿವೆ. ಮೂರನೆಯದಕ್ಕೆ ಇಲ್ಲ ಎಂದು ಬಂದರೆ ಹಾಡು ಉದ್ದವಾಗಿದೆ, ಒಂದು ಸಾಲು ತೆಗೆಯಿರಿ. ಎರಡನೆಯದಕ್ಕೆ ಹೌದು ಎಂದು ಬಂದರೂ ಪರವಾಗಿಲ್ಲ. ಮುಂದಿನ ಪೆಟ್ಟು ಅವರಿಗೆ ಉತ್ತರ ಕೊಡುತ್ತದೆ.

ಆಟಕ್ಕೋ ನಾಟಕಕ್ಕೋ ಕೊಡುವಾಗ ಒಂದೇ ಫೈಲ್ ಮಾಡಿ ಕೊಡಬೇಡಿ. ಕೊಂಬು, ದಪ್ಪ ನಗಾರಿ, ಸಣ್ಣ ನಗಾರಿ, ತಟ್ಟೆ, ಜನರ ಹಾಡು ಬೇರೆ ಬೇರೆ ಇರಲಿ. 48 ಕಿಲೋಹರ್ಟ್ಸ್, 24 ಬಿಟ್ ವೇವ್ ಫೈಲ್ ಆದರೆ ಸಾಕು. ಸುತ್ತುವ ಭಾಗಗಳನ್ನು, ಅಂದರೆ ನಡಿಗೆಯ 30 ಸೆಕೆಂಡ್ ಮತ್ತು ಹಾಡಿನ 16 ಸೆಕೆಂಡ್‌ಗಳನ್ನು, ಎಂಪಿ3 ಮಾಡಲೇಬೇಡಿ. ಎಂಪಿ3 ಮಾಡುವಾಗ ಫೈಲಿನ ತುದಿಗಳಲ್ಲಿ ಚೂರು ಮೌನ ಸೇರಿಕೊಳ್ಳುತ್ತದೆ, ಪ್ರತಿ ಸುತ್ತಿಗೂ ತಾಳ ಮುಗ್ಗರಿಸುತ್ತದೆ. ತಟ್ಟೆಯ ಫೈಲಿನ ಕೊನೆಯನ್ನು ಮಾತ್ರ ಕತ್ತರಿಸದೆ, ಅಲೆ ಪೂರ್ತಿ ಆರುವವರೆಗೆ ಬಿಡಿ. ಜೊತೆಗೆ ಹಂತ 1ರ ಮೂರು ಕಂಬದ ಪುಟವನ್ನೂ ಎಣಿಕೆಗಳ ಸಮೇತ ಕೊಡಿ. ದೃಶ್ಯ ಜೋಡಿಸುವವರು ಫೈಲುಗಳಿಗಿಂತ ಮೊದಲು ಕೇಳುವುದು ಅದನ್ನೇ.